ಕಾಡಿಗೊಂದು ಒಲೆ, ಮಳೆಗಾಲಕ್ಕೊಂದು ಒಲೆ

ಡಿಸೆಂಬರ್ ಬಂತೆಂದರೆ ಬೆಂಗಳೂರಿನ ಆಫೀಸಿನಲ್ಲಿ ನನಗೆ ಒಂದೇ ಪ್ರಶ್ನೆ: "ದಾಂಡೇಲಿಗೆ ಹೊರಟಿದ್ದೀವಿ, ಯಾವ ಸ್ಟೋ ತಗೊಂಡು ಹೋಗೋಣ?" ನಾನು ಹಳಿಯಾಳದವನು ಅನ್ನೋದೊಂದೇ ಇದಕ್ಕೆ ಕಾರಣ. ಜೂನ್‌ನಲ್ಲಿ ಕೇಳುವವರು ಬೇರೆ. ಊರಲ್ಲಿ ವಯಸ್ಸಾದ ಅಪ್ಪ-ಅಮ್ಮನನ್ನು ಬಿಟ್ಟು ಬಂದಿರುವ ನನ್ನಂಥವರು. ಮಳೆಗೆ ಕರೆಂಟ್ ಹೋದರೆ ಯಾವಾಗ ಬರುತ್ತೋ ಗೊತ್ತಿಲ್ಲ, ಅಂಥ ಹೊತ್ತಲ್ಲೇ ಸಿಲಿಂಡರ್ ಖಾಲಿಯಾದರೆ ಏನು ಗತಿ, ಮನೇಲಿ ಏನು ತಂದಿಡೋಣ ಅಂತ ಅವರ ಚಿಂತೆ. ಇಬ್ಬರೂ ಮೊಬೈಲಿನಲ್ಲಿ ನೋಡುವುದು ಅವೇ ಒಲೆ, ಅವೇ ಕೆಟಲ್. ಬೇಕಾದ್ದು ಮಾತ್ರ ಬೇರೆ ಬೇರೆ. ಎಷ್ಟು ವ್ಯಾಟು, ಯಾವ ಕಂಪನಿ ಅನ್ನುವುದಕ್ಕೆ ಮೊದಲು, ಅದು ಎಲ್ಲಿ ಉರಿಯಬೇಕು, ಅಲ್ಲಿ ಯಾವುದು ಕೈಕೊಡುತ್ತದೆ ಅಂತ ನೋಡಬೇಕು.

ಮೊದಲು ಮನೆಯದು ಹೇಳ್ತೀನಿ, ಅದೇ ಹೆಚ್ಚು ಮುಖ್ಯ.

ನಮ್ಮ ಕಡೆಯದೊಂದು ವಿಚಿತ್ರ ನೋಡಿ. ಜೋಯಿಡಾ ತಾಲೂಕಿನ ಗಣೇಶಗುಡಿಯಲ್ಲಿ 101 ಮೀಟರ್ ಎತ್ತರದ ಸೂಪಾ ಅಣೆಕಟ್ಟು ನಿಂತಿದೆ. ಹಳೇ ಸೂಪಾ ಊರೇ ಅದರ ಹಿನ್ನೀರಿನಲ್ಲಿ ಮುಳುಗಿತು. ಕಾಳಿ ನದಿಯ ನೀರಿನಿಂದ ಇಡೀ ರಾಜ್ಯಕ್ಕೆ ವಿದ್ಯುತ್ ಹೋಗುತ್ತದೆ. ಆದರೆ ಕಾಡಿನ ನಡುವೆ ಎಳೆದ ತಂತಿಯ ಮೇಲೆ ಜುಲೈನಲ್ಲೊಂದು ಮರ ಬಿತ್ತೋ, ಅದೇ ಕಾಳಿ ದಂಡೆಯ ಮನೆಯಲ್ಲಿ ಚಹಾಕ್ಕೆ ನೀರು ಕಾಯಿಸೋಕೂ ಕರೆಂಟ್ ಇರುವುದಿಲ್ಲ. ಹಾಗಾಗಿ ಇಲ್ಲಿನ ಮನೆಗೆ ಇಂಡಕ್ಷನ್ ಒಲೆ ಎರಡನೇ ಒಲೆಯಾಗಿ ಇರಲಿ. ಒಂದೇ ಒಲೆ ಇಟ್ಟುಕೊಳ್ಳುವುದಾದರೆ ಇಂಡಕ್ಷನ್ ಬೇಡ.

ಕರೆಂಟ್ ಇದ್ದರೂ ಇನ್ನೊಂದು ತೊಂದರೆ ಇದೆ. ಸಂಜೆ ಹೊತ್ತು ಹಳ್ಳಿಯಲ್ಲಿ ವೋಲ್ಟೇಜ್ ಇಳಿಯುತ್ತದೆ. 230 ವೋಲ್ಟಿಗೆ 1500 ವ್ಯಾಟ್ ಕೊಡುವ ಕೆಟಲ್, 160 ವೋಲ್ಟಿನಲ್ಲಿ 725 ವ್ಯಾಟಿನಷ್ಟು ಮಾತ್ರ ಕೊಡುತ್ತದೆ. ವೋಲ್ಟೇಜ್ ಮೂರನೇ ಒಂದು ಭಾಗ ಇಳಿದರೆ ಕಾವು ಅರ್ಧಕ್ಕಿಂತ ಕಡಿಮೆಯಾಗುತ್ತದೆ, ಯಾಕಂದ್ರೆ ಅಲ್ಲಿ ಲೆಕ್ಕ ವೋಲ್ಟೇಜಿನ ವರ್ಗದ್ದು. ನಾಲ್ಕು ನಿಮಿಷಕ್ಕೆ ಕುದಿಯಬೇಕಾದ ಒಂದು ಲೀಟರ್ ನೀರಿಗೆ ಎಂಟು-ಒಂಬತ್ತು ನಿಮಿಷ. ಕೆಟಲ್ ನಿಧಾನವಾಗಿಯಾದರೂ ಕಾಯಿಸುತ್ತದೆ. ಇಂಡಕ್ಷನ್ ಒಲೆಗಳಲ್ಲಿ ಬಹಳಷ್ಟು ವೋಲ್ಟೇಜ್ ತೀರಾ ಇಳಿದರೆ ಪೀಂ ಪೀಂ ಅಂದು ನಿಂತೇ ಬಿಡುತ್ತವೆ. ಕೊಳ್ಳುವ ಮೊದಲು ಎಷ್ಟು ವೋಲ್ಟಿನವರೆಗೆ ನಡೆಯುತ್ತದೆ ಅಂತ ಡಬ್ಬದ ಮೇಲೆ ಓದಿ. ಹಳೇ ಮನೆಯಾದರೆ ಸ್ವಿಚ್ ಬೋರ್ಡನ್ನೂ ನೋಡಿ. 2000 ವ್ಯಾಟಿನ ಒಲೆ 8-9 ಆಂಪಿಯರ್ ಎಳೆಯುತ್ತದೆ. ಟಿವಿ, ಮೊಬೈಲ್ ಚಾರ್ಜರ್ ಹಾಕುವ ಸಣ್ಣ ಪ್ಲಗ್ಗಿಗೆ ಅಡಾಪ್ಟರ್ ಹಾಕಿ ಅದನ್ನು ಸಿಕ್ಕಿಸಿದರೆ ವೈರಿಂಗ್ ಬಿಸಿಯಾಗಿ ಸುಡುತ್ತದೆ. 16 ಆಂಪಿಯರಿನ ದೊಡ್ಡ ಪಾಯಿಂಟೇ ಬೇಕು.

"ಮನೇಲಿ ಇನ್ವರ್ಟರ್ ಇದೆಯಲ್ಲ" ಅಂತೀರಾ? ಸಾಮಾನ್ಯವಾಗಿ ಮನೆಗಳಲ್ಲಿರುವ 900 ವಿಎ ಇನ್ವರ್ಟರ್ ಸುಮಾರು 700 ವ್ಯಾಟ್ ಹೊರುತ್ತದೆ. 1500 ವ್ಯಾಟಿನ ಒಲೆ, ಕೆಟಲ್ ಎರಡಕ್ಕೂ ಅದು ಸಾಲದು. ಆದರೆ ಅರ್ಧ ಲೀಟರಿನ, 600 ವ್ಯಾಟಿನ ಪ್ರಯಾಣದ ಕೆಟಲ್ ಅಂತ ಬರುತ್ತೆ. ಫ್ಯಾನು, ಫ್ರಿಜ್ಜು ಆರಿಸಿ ಐದು ನಿಮಿಷ ಅದನ್ನು ನಡೆಸಬಹುದು. ಇನ್ವರ್ಟರಿನ ಮೇಲೆ ಬರೆದಿರುವ ವಿಎ ಬಿಟ್ಟು ವ್ಯಾಟ್ ಅಂಕಿ ನೋಡಿಕೊಳ್ಳಿ. ರಾತ್ರಿ ಮಾತ್ರೆ ನುಂಗೋಕೆ ಬಿಸಿನೀರು ಬೇಕಾದ ಹಿರಿಯರಿರುವ ಮನೆಗೆ ಇಷ್ಟು ಸಣ್ಣ ಸಾಮಾನು ದೊಡ್ಡ ಉಪಕಾರ.

ಇಂಡಕ್ಷನ್ ಒಲೆ ತಂದುಕೊಟ್ಟ ದಿನ ಅವ್ವ ಅಂದಿದ್ದು ಇಷ್ಟೇ: "ಉರಿ ಕಾಣದ ಒಲಿನ ಹೆಂಗ ನಂಬಬೇಕೋ?" ನಾನು ನಕ್ಕೆ, ಆದರೆ ಪ್ರಶ್ನೆ ಸರಿಯಾಗೇ ಇತ್ತು. ಉರಿ ನೋಡಿ ಹದ ಹಿಡಿದವರಿಗೆ ಅಂಕಿ ನೋಡಿ ಹದ ಹಿಡಿಯುವುದು ಹೊಸ ಭಾಷೆ. ಅದರಲ್ಲೂ ಮುಟ್ಟಿದರೆ ಕೆಲಸ ಮಾಡುವ ಗಾಜಿನ ಗುಂಡಿಗಳು ಒದ್ದೆ ಕೈಗೆ, ಹಿಟ್ಟಿನ ಕೈಗೆ ಬಗ್ಗುವುದಿಲ್ಲ. ಒತ್ತುವ ಗುಂಡಿ ಅಥವಾ ತಿರುಗಿಸುವ ಗುಬ್ಬಿ ಇರುವುದನ್ನೇ ಹಿರಿಯರಿಗೆ ಕೊಡಿಸಿ, ನೋಡೋಕೆ ಚೆಂದ ಇರದಿದ್ದರೂ ಪರವಾಗಿಲ್ಲ. ಮನೆಯಲ್ಲಿ ಯಾರಿಗಾದರೂ ಪೇಸ್‌ಮೇಕರ್ ಹಾಕಿದ್ದರೆ ಮೊದಲು ಅವರ ಡಾಕ್ಟರನ್ನು ಕೇಳಿ. ಉರಿಯುವ ಇಂಡಕ್ಷನ್ ಒಲೆಯಿಂದ ಎರಡು ಅಡಿ ದೂರ ಇರಲು ಹೇಳುತ್ತಾರೆ.

ಪಾತ್ರೆಯ ವಿಷಯಕ್ಕೆ ಒಂದು ಅಯಸ್ಕಾಂತ ಸಾಕು. ಫ್ರಿಜ್ಜಿಗೆ ಅಂಟಿಸಿರ್ತೀವಲ್ಲ, ಅದೇ. ತಳಕ್ಕೆ ಗಟ್ಟಿಯಾಗಿ ಕಚ್ಚಿದರೆ ನಡೆಯುತ್ತದೆ. ಬರೀ ಅಲ್ಯುಮಿನಿಯಂ, ತಾಮ್ರ, ಮಣ್ಣಿನ ಪಾತ್ರೆ ನಡೆಯುವುದಿಲ್ಲ. ಕಬ್ಬಿಣದ ದೋಸೆ ಹಂಚು ತಳ ಸಪಾಟಾಗಿದ್ದರೆ ಚೆನ್ನಾಗಿಯೇ ಕಾಯುತ್ತೆ. ರೊಟ್ಟಿಯನ್ನು ಬೆಂಕಿಗೆ ಹಿಡಿದು ಉಬ್ಬಿಸುವ ಮನೆಗಳಿಗೆ ಮಾತ್ರ ಇದರಿಂದ ಸಮಾಧಾನವಾಗುವುದಿಲ್ಲ, ಅವರಿಗೆ ಉರಿ ಬೇಕೇ ಬೇಕು. ಖರ್ಚಿನ ಬಗ್ಗೆ ಒಂದು ಮಾತು: ದಿನಕ್ಕೆ ಒಂದೂವರೆ ಯೂನಿಟ್ ಅಡುಗೆಗೆ ಹೋದರೆ ತಿಂಗಳಿಗೆ 45 ಯೂನಿಟ್. ಗೃಹಜ್ಯೋತಿಯಲ್ಲಿ ನಿಮ್ಮ ಮನೆಗೆ ಗೊತ್ತುಮಾಡಿದ ಯೂನಿಟ್ ದಾಟಿದರೆ ಹೆಚ್ಚಿನದ್ದಕ್ಕೆ ದುಡ್ಡು, 200 ದಾಟಿದರೆ ಪೂರ್ತಿ ಬಿಲ್. ಅಂಚಿನಲ್ಲಿರುವವರು ಲೆಕ್ಕ ಹಾಕಿಕೊಳ್ಳಿ.

ಹಾಗಾದರೆ ಮಳೆಗಾಲದ ಆಸರೆ ಯಾವುದು? ನನ್ನ ಪ್ರಕಾರ 5 ಕೆಜಿಯ ಸಣ್ಣ ಸಿಲಿಂಡರ್. ಗ್ಯಾಸ್ ಏಜೆನ್ಸಿಯಲ್ಲಿ ಗುರುತಿನ ಚೀಟಿ ತೋರಿಸಿದರೆ ಸಿಗುತ್ತದೆ. ಇಂಡಿಯನ್ ಆಯಿಲ್ ಅದನ್ನು 'ಛೋಟು' ಹೆಸರಿನಲ್ಲಿ ಮಾರುತ್ತದೆ. ಒಂದು ಲೀಟರ್ ನೀರು ಕುದಿಸಲು ಸುಮಾರು 15 ಗ್ರಾಂ ಗ್ಯಾಸ್ ಬೇಕು ಅಂತಿಟ್ಟುಕೊಂಡರೆ 5 ಕೆಜಿ ಎಷ್ಟು ದಿನ ಬರುತ್ತದೆ ನೀವೇ ನೋಡಿ. ಸಂತೆಯಲ್ಲಿ, ರಸ್ತೆ ಬದಿಯ ಅಂಗಡಿಯಲ್ಲಿ ದೊಡ್ಡ ಸಿಲಿಂಡರಿನಿಂದ ಸಣ್ಣದಕ್ಕೆ ತುಂಬಿಸಿ ಕೊಡುವವರ ಹತ್ತಿರ ಮಾತ್ರ ಹೋಗಬೇಡಿ. ಅದು ಕಾನೂನಿಗೂ ವಿರುದ್ಧ, ಜೀವಕ್ಕೂ ಅಪಾಯ. ಸೌದೆ ಸಿಗುವ ಹಳ್ಳಿಮನೆಯಾದರೆ ಹೊಗೆ ಹೊರಗೆ ಹೋಗುವ ಕೊಳವೆ ಇರುವ ಅಸ್ತ್ರ ಒಲೆ ಈಗಲೂ ಒಳ್ಳೆಯದೇ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ 1974ರಲ್ಲಿ ಶುರುವಾದ 'ಅಸ್ತ್ರ' ವಿಭಾಗ ರೂಪಿಸಿದ ಒಲೆ ಅದು.

ಕೆಟಲ್ ಕೊಳ್ಳುವಾಗ ಒಳಗೆ ಪೂರ್ತಿ ಸ್ಟೀಲ್ ಇರುವುದನ್ನು ನೋಡಿ, ಬಾಯಿ ಕೈ ಹಾಕಿ ತೊಳೆಯುವಷ್ಟು ಅಗಲ ಇರಲಿ. ನೀರು ಕುದ್ದ ಮೇಲೆ ಅದು ತಾನೇ ಆರುವುದು ಒಳಗಿನ ಹಬೆ ಸ್ವಿಚ್ಚಿಗೆ ತಾಗುವುದರಿಂದ. ಮುಚ್ಚಳ ತೆರೆದಿಟ್ಟರೆ ಹಬೆ ಅಲ್ಲಿಗೆ ಹೋಗದೆ ನೀರು ಕುದಿಯುತ್ತಲೇ ಇರುತ್ತದೆ. ಹಾಲು ಕಾಯಿಸಿದರೆ ತಳ ಹತ್ತುತ್ತದೆ. ರೆಸಾರ್ಟಿನ ಕೆಟಲ್‌ನಲ್ಲಿ ಮ್ಯಾಗಿ ಬೇಯಿಸುವವರೇ, ನಿಮ್ಮ ಹಿಂದೆ ಬರುವವರು ಅದರಲ್ಲೇ ಚಹಾ ಮಾಡಿಕೊಳ್ಳಬೇಕು. ಬೋರ್‌ವೆಲ್ ನೀರಿನ ಬಿಳಿ ಪದರ ಕಟ್ಟಿದರೆ ನಿಂಬೆರಸ ಹಾಕಿದ ನೀರು ಕುದಿಸಿ ಅರ್ಧ ಗಂಟೆ ಬಿಡಿ.

ಈ ವಿಷಯದಲ್ಲಿ ಮುಂಡಗೋಡದವರನ್ನು ನೋಡಿ ಕಲಿಯುವುದಿದೆ. 1966ರಿಂದ ಅಲ್ಲಿ ಟಿಬೆಟನ್ನರ ವಸತಿ ಇದೆ. ಚಹಾಪುಡಿ ಚೆನ್ನಾಗಿ ಕುದಿಸಿ, ಉಪ್ಪು, ಬೆಣ್ಣೆ ಹಾಕಿ ಕಡೆದು ಮಾಡುವ ಅವರ ಚಹಾ ಕೆಟಲ್‌ನಲ್ಲಿ ಆಗುವಂಥದ್ದಲ್ಲ. ಪಾತ್ರೆಯಲ್ಲಿ ಮಾಡಿ ದೊಡ್ಡ ಫ್ಲಾಸ್ಕಿಗೆ ತುಂಬಿಡುತ್ತಾರೆ, ಬಂದವರಿಗೆಲ್ಲ ಅದರಿಂದಲೇ. ಕರೆಂಟ್ ಇದ್ದಾಗ ಒಮ್ಮೆ ಕುದಿಸಿ ಒಂದೂವರೆ ಲೀಟರಿನ ಒಳ್ಳೆ ಫ್ಲಾಸ್ಕಿಗೆ ತುಂಬಿಟ್ಟರೆ, ಕರೆಂಟ್ ಹೋದ ಮೇಲೂ ರಾತ್ರಿವರೆಗೆ ಬಿಸಿನೀರು. ಎರಡನೇ ಕೆಟಲ್ ಬದಲು ಫ್ಲಾಸ್ಕ್ ತಗೊಳ್ಳಿ ಅಂತ ನಾನು ಎಲ್ಲರಿಗೂ ಹೇಳ್ತೀನಿ.

ಇನ್ನು ಕ್ಯಾಂಪಿಗೆ ಬರುವವರು. ದಾಂಡೇಲಿ-ಜೋಯಿಡಾದ ಕಾಡಿನ ಬಹುಪಾಲು ಕಾಳಿ ಹುಲಿ ಸಂರಕ್ಷಿತ ಪ್ರದೇಶ. 2007ರಲ್ಲಿ ಅಣಶಿ-ದಾಂಡೇಲಿ ಎಂಬ ಹೆಸರಿನಲ್ಲಿ ಘೋಷಣೆಯಾಗಿ, 2015ರಲ್ಲಿ ಕಾಳಿ ಆಯಿತು. ಒಳಗೆ ಟೆಂಟ್ ಹಾಕಿ ಒಲೆ ಹೂಡುವ ಮಾತೇ ಇಲ್ಲ. 1972ರ ವನ್ಯಜೀವಿ ಕಾಯ್ದೆಯ 30ನೇ ಕಲಂ ಅಭಯಾರಣ್ಯಕ್ಕೆ ಅಪಾಯವಾಗುವಂತೆ ಬೆಂಕಿ ಹೊತ್ತಿಸುವುದನ್ನು, ಉರಿಯುವ ಬೆಂಕಿ ಬಿಟ್ಟುಹೋಗುವುದನ್ನು ನಿಷೇಧಿಸುತ್ತದೆ. ಫೆಬ್ರವರಿಯಿಂದ ಮೇವರೆಗೆ ಇಲ್ಲಿ ತೇಗದ ಎಲೆ, ಬಿದಿರಿನ ತರಗು ಕಾಗದದಂತೆ ಒಣಗಿರುತ್ತದೆ. ಒಂದು ಕಿಡಿ ಸಾಕು. ಹೋಮ್‌ಸ್ಟೇ ಅಂಗಳದಲ್ಲಿ, ಅನುಮತಿ ಇರುವ ಕ್ಯಾಂಪಿನಲ್ಲಿ, ಅವರು ತೋರಿಸಿದ ಜಾಗದಲ್ಲಿ ಮಾತ್ರ ಅಡುಗೆ.

ಅಲ್ಲಿಗೆ ಬ್ಯುಟೇನ್ ಕ್ಯಾನ್ ಹಾಕುವ ಚಪ್ಪಟೆ ಒಲೆ ಸಾಕು. ಬ್ಯುಟೇನ್ ಸೊನ್ನೆ ಡಿಗ್ರಿಯ ಹತ್ತಿರ ಆವಿಯಾಗುವುದು ನಿಲ್ಲಿಸುತ್ತದೆ ಅಂತ ಹಿಮಾಲಯದ ಚಾರಣಿಗರು ದುಬಾರಿ ಮಿಶ್ರಣ ಕೊಳ್ಳುತ್ತಾರೆ. ನಮ್ಮ ಜನವರಿಯ ಚಳಿಗೆ ಅದರ ಅಗತ್ಯವಿಲ್ಲ. 230 ಗ್ರಾಂ ಕ್ಯಾನಿನಲ್ಲಿ ಲೆಕ್ಕದ ಪ್ರಕಾರ 15 ಲೀಟರ್ ನೀರು ಕುದಿಯಬೇಕು, ನದಿ ದಂಡೆಯ ಗಾಳಿಗೆ ಹತ್ತು ಸಿಕ್ಕರೆ ದೊಡ್ಡದು. ಜೋಯಿಡಾದ ಗೆಡ್ಡೆ-ಗೆಣಸು ಕೊಂಡು ಅಲ್ಲೇ ಬೇಯಿಸುವ ಆಸೆಯಿದ್ದರೆ ಸಣ್ಣ ಕುಕ್ಕರ್ ತನ್ನಿ, ತೆರೆದ ಪಾತ್ರೆಯಲ್ಲಿ ಅರ್ಧ ಕ್ಯಾನ್ ಅದಕ್ಕೇ ಹೋಗುತ್ತೆ. ಒಲೆಯನ್ನು ಮೀರಿ ಕ್ಯಾನಿನ ಮೇಲೂ ಚಾಚುವ ದೊಡ್ಡ ಕಾವಲಿ ಇಡಬೇಡಿ, ಕಾವು ಕೆಳಗೆ ಬಡಿದು ಕ್ಯಾನ್ ಸಿಡಿಯಬಹುದು. ಗಾಳಿ ತಡೆಯಲು ಸುತ್ತ ತಗಡು ಮುಚ್ಚುವುದೂ ಅಷ್ಟೇ ಅಪಾಯ. ಖಾಲಿ ಕ್ಯಾನಿಗೆ ಅಡುಗೆ ಗ್ಯಾಸ್ ತುಂಬಿಸಿಕೊಡುತ್ತೇವೆ ಅನ್ನುವವರಿದ್ದಾರೆ. ಅಡುಗೆ ಗ್ಯಾಸಿನ ಒತ್ತಡ ಬ್ಯುಟೇನಿಗಿಂತ ಹೆಚ್ಚು, ಆ ತೆಳು ಡಬ್ಬಿ ಅದಕ್ಕೆ ಮಾಡಿದ್ದಲ್ಲ.

ಎಲ್ಲಕ್ಕಿಂತ ಗಟ್ಟಿಯಾಗಿ ಹೇಳಬೇಕಾದ್ದು: ಮಳೆ ಬರಲಿ, ಚಳಿ ಇರಲಿ, ಟೆಂಟಿನ ಒಳಗೆ ಗ್ಯಾಸ್ ಒಲೆ, ಇದ್ದಿಲ ಒಲೆ ಹಚ್ಚಬೇಡಿ. ಕಾರ್ಬನ್ ಮೊನಾಕ್ಸೈಡಿಗೆ ಬಣ್ಣವಿಲ್ಲ, ವಾಸನೆಯಿಲ್ಲ. ನಿದ್ದೆ ಬಂದಂತೆ ಅನಿಸುತ್ತದೆ, ಎಚ್ಚರವಾಗುವುದಿಲ್ಲ. ಮಕ್ಕಳು ಚಳಿ ಅಂದರೆ ಇನ್ನೊಂದು ಕಂಬಳಿ ಹೊದಿಸಿ.

ಕಾರಿನ 12 ವೋಲ್ಟ್ ಕೆಟಲ್ ಬಗ್ಗೆಯೂ ಕೇಳ್ತಾರೆ. ಅದು ಎಳೆಯುವುದು ನೂರಿಪ್ಪತ್ತು ವ್ಯಾಟಿನ ಆಸುಪಾಸು, ಒಂದು ಲೀಟರಿಗೆ ಮುಕ್ಕಾಲು ಗಂಟೆ ಮೇಲೆ. ಅಷ್ಟರಲ್ಲಿ ದಾರಿಯಲ್ಲಿ ಎರಡು ಚಹಾ ಅಂಗಡಿ ಸಿಕ್ಕಿರುತ್ತೆ. ಬಸ್ಸು, ರೈಲಿನಲ್ಲಿ ಬರುವವರು ಗ್ಯಾಸ್ ಕ್ಯಾನ್ ತರುವಂತಿಲ್ಲ. ರೈಲಿನ ಮೊಬೈಲ್ ಪಾಯಿಂಟಿಗೆ ಕೆಟಲ್ ಹಾಕುವಂತೆಯೂ ಇಲ್ಲ. ಹೋಮ್‌ಸ್ಟೇಯವರಿಗೆ ಮೊದಲೇ ಫೋನ್ ಮಾಡಿ ಅಲ್ಲಿ ಯಾವ ಒಲೆ ಇದೆ, ಕರೆಂಟ್ ಹೇಗಿದೆ ಅಂತ ಕೇಳಿಕೊಳ್ಳಿ. ಬಹಳ ಸಲ ಅವರೇ "ಏನೂ ತರಬೇಡಿ, ಫ್ಲಾಸ್ಕ್ ಒಂದಿದ್ದರೆ ತನ್ನಿ" ಅಂತಾರೆ.