ಶ್ರೀರಂಗಪಟ್ಟಣವೂ ಆಂಗ್ಲ ಗ್ರಂಥಕರ್ತರೂ

‘ದೇಶ ಸುತ್ತು, ಇಲ್ಲವೆ ಕೋಶ ಓದು’ ಎಂಬುದು ನಮ್ಮ ಹಿರಿಯರ ಮಾತು. ಆಂಗ್ಲ ಸಾಹಿತ್ಯದ ಚರಿತ್ರೆಯನ್ನು ನೋಡಿದರೆ, ಅಲ್ಲಿಯ ಕವಿಗಳಲ್ಲಿ ಅನೇಕರು ಈ ಎರಡನ್ನೂ ಮಾಡಿದವರೆಂದು ತಿಳಿದುಬರುತ್ತದೆ. 1638ರಲ್ಲಿ ಇಟಲಿಗೆ ಹೊರಟ ಮಿಲ್ಟನ್ ಅಲ್ಲಿ ವೃದ್ಧ ಗೆಲಿಲಿಯೋವನ್ನು ಕಂಡನು. ಆ ವಿಜ್ಞಾನಿಯ ದೂರದರ್ಶಕವು ಮುಂದೆ ‘ಪ್ಯಾರಡೈಸ್ ಲಾಸ್ಟ್’ ಮಹಾಕಾವ್ಯದಲ್ಲಿ ಉಪಮೆಯಾಗಿ ಬಂದಿತು. ಬೈರನ್ 1809ರಿಂದ 1811ರವರೆಗೆ ಸ್ಪೇನ್, ಗ್ರೀಸ್, ತುರ್ಕಿಗಳಲ್ಲಿ ಸಂಚರಿಸಿದುದರ ಫಲವೇ ‘ಚೈಲ್ಡ್ ಹೆರಾಲ್ಡ್’. ಈ ಸಂಗತಿಗಳು ಕಾಲೇಜಿನ ಮೆಟ್ಟಿಲು ಹತ್ತಿದವರೆಲ್ಲರಿಗೂ ಪರಿಚಿತವಾದುವು. ಆದರೆ ಇದೇ ಸಾಹಿತ್ಯದವರು ನಮ್ಮ ನೆಲಕ್ಕೆ ಬಂದಾಗ ಏನಾಯಿತು? ಬಾರದೆಯೇ ಬರೆದಾಗ ಏನಾಯಿತು? ಇದನ್ನು ನಾವು ಅಷ್ಟಾಗಿ ವಿಚಾರಿಸಿದವರಲ್ಲ.

ಪಾಂಡವಪುರದ ಹೆಸರಿನಿಂದಲೇ ಆರಂಭಿಸಬಹುದು. ಜನರು ಹಿರೋಡೆ ಎಂದು ಕರೆಯುತ್ತಿದ್ದ ಈ ಊರು ಆಂಗ್ಲರ ನಕ್ಷೆಗಳಲ್ಲಿ ‘ಫ್ರೆಂಚ್ ರಾಕ್ಸ್’ ಆಗಿದ್ದಿತು. ಹೈದರ್ ಮತ್ತು ಟಿಪ್ಪುವಿನ ಸೇವೆಯಲ್ಲಿದ್ದ ಫ್ರೆಂಚ್ ಸೈನಿಕರು ಇಲ್ಲಿಯ ಬಂಡೆಗಳ ಬಳಿ ಬೀಡುಬಿಟ್ಟಿದ್ದುದೇ ಅದಕ್ಕೆ ಕಾರಣ. ಕುಂತಿಬೆಟ್ಟವನ್ನು ನೋಡಿ ನಮ್ಮವರಿಗೆ ಪಾಂಡವರು ನೆನಪಾದರೆ, ಪರದೇಶದವರಿಗೆ ತಮ್ಮ ಶತ್ರುವಿನ ಪಾಳೆಯ ನೆನಪಾಯಿತು. ಪ್ರವಾಸಿಯು ಕಾಣುವುದು ಕಣ್ಣಿನ ಮುಂದಿರುವುದನ್ನು ಮಾತ್ರವಲ್ಲ, ತಾನು ಹೊತ್ತು ತಂದುದನ್ನೂ ಕೂಡ.

1799ರ ಮೇ 4ರಂದು ಶ್ರೀರಂಗಪಟ್ಟಣವು ಬಿದ್ದಿತು. ಮರುವರ್ಷವೇ ಫ್ರಾನ್ಸಿಸ್ ಬುಕಾನನ್ ಎಂಬ ಸ್ಕಾಟ್ಲೆಂಡಿನ ವೈದ್ಯನು, ಗವರ್ನರ್ ಜನರಲ್ ವೆಲ್ಲೆಸ್ಲಿಯ ಆಜ್ಞೆಯಂತೆ, ಮದ್ರಾಸಿನಿಂದ ಹೊರಟು ಇಲ್ಲಿಗೆ ಬಂದನು. ಗೆದ್ದ ದೇಶದ ಬೇಸಾಯ, ಕೈಗಾರಿಕೆ, ವ್ಯಾಪಾರಗಳನ್ನು ಪರೀಕ್ಷಿಸುವುದು ಅವನ ಕೆಲಸ. ಉದ್ದೇಶವು ಸರ್ಕಾರದ ಲಾಭವೇ ಆಗಿದ್ದರೂ ಅವನ ಕಣ್ಣು ಪ್ರಾಮಾಣಿಕವಾದುದು. ಮಣ್ಣಿನಲ್ಲಿ ಎಷ್ಟು ಬಗೆ, ರಾಗಿಯನ್ನು ಬಿತ್ತುವ ಮುನ್ನ ಎಷ್ಟು ಸಲ ಉಳುವರು, ಕಾಲುವೆಯ ನೀರು ಯಾವ ಗದ್ದೆಗೆ ಹರಿಯುವುದು, ಕಬ್ಬಿನಿಂದ ಬೆಲ್ಲವನ್ನು ಹೇಗೆ ತೆಗೆಯುವರು—ಇವೆಲ್ಲವನ್ನೂ ಅವನು ದಿನಚರಿಯಂತೆ ಬರೆದಿಟ್ಟನು. ತೊಣ್ಣೂರನ್ನೂ ಮೇಲುಕೋಟೆಯನ್ನೂ ಕಂಡನು; ಚನ್ನಪಟ್ಟಣದಲ್ಲಿ ವಾದ್ಯಗಳಿಗಾಗಿ ಉಕ್ಕಿನ ತಂತಿ ಎಳೆಯುವುದನ್ನೂ ವಿವರಿಸಿದನು. 1807ರಲ್ಲಿ ಲಂಡನ್ನಿನಲ್ಲಿ ಮೂರು ಸಂಪುಟಗಳಾಗಿ ಅಚ್ಚಾದ ಆ ಗ್ರಂಥವು ಕಾವ್ಯವಲ್ಲ, ಕಥೆಯಲ್ಲ. ಆದರೂ 1800ರ ನಮ್ಮ ರೈತನ ನೇಗಿಲನ್ನು ನೋಡಬೇಕೆನ್ನುವವರಿಗೆ ಅದಕ್ಕಿಂತ ಹತ್ತಿರದ ಸಾಕ್ಷಿ ದೊರೆಯುವುದು ಕಷ್ಟ. ಕೊರತೆಯೊಂದಿದೆ. ಬುಕಾನನ್ನನಿಗೆ ಕನ್ನಡ ಬಾರದು. ರೈತನ ಮಾತು ದುಭಾಷಿಯ ಬಾಯಿಂದ ಹಾಯ್ದು ಅವನ ಪುಟವನ್ನು ಸೇರಿತು. ಆದುದರಿಂದ ಅಲ್ಲಿ ನೇಗಿಲು ಸ್ಪಷ್ಟವಾಗಿ ಕಾಣುತ್ತದೆ. ಉಳುವವನ ಮನಸ್ಸು ಕಾಣುವುದಿಲ್ಲ.

ಅನಂತರ ಮೈಸೂರಿನಲ್ಲಿ ರೆಸಿಡೆಂಟನಾಗಿದ್ದ ಮಾರ್ಕ್ ವಿಲ್ಕ್ಸ್ ನಮ್ಮ ಸೀಮೆಯ ಇತಿಹಾಸವನ್ನು ಬರೆದನು. ಅದರ ಮೊದಲ ಸಂಪುಟವು 1810ರಲ್ಲಿ ಹೊರಬಂದಿತು. ಇವನು ದಿವಾನ್ ಪೂರ್ಣಯ್ಯನವರೊಡನೆ ವ್ಯವಹರಿಸಿದವನು. ಮೆಕೆಂಜಿ ಕೂಡಿಸಿದ ಶಾಸನ ಮತ್ತು ಕಡತಗಳನ್ನು ಬಳಸಿಕೊಂಡವನು. ವಿಧಿಯ ವಿನೋದವನ್ನು ನೋಡಿ: ಇವನೇ ಮುಂದೆ ಸೇಂಟ್ ಹೆಲೀನಾ ದ್ವೀಪದ ಗವರ್ನರನಾಗಿ, ಅಲ್ಲಿಗೆ ಸೆರೆಯಾಳಾಗಿ ಬಂದ ನೆಪೋಲಿಯನ್ನನೊಡನೆ ಮಾತನಾಡಿದನು. ಟಿಪ್ಪುವಿಗೆ ಕೈರೋವಿನಿಂದ ಪತ್ರ ಬರೆದಿದ್ದವನು ಅದೇ ನೆಪೋಲಿಯನ್. ಪಟ್ಟಣದ ಕಥೆಯನ್ನು ಬರೆದವನಿಗೆ ಆ ಕಥೆಯ ದೂರದ ಪಾತ್ರವೊಂದು ಸಮುದ್ರದ ನಡುವೆ ದೊರೆಯಿತು.

ಇನ್ನು ಕೋಶ ಓದಿದವರು. ಸರ್ ವಾಲ್ಟರ್ ಸ್ಕಾಟ್ ಹಿಂದೂಸ್ಥಾನವನ್ನು ಕಂಡವನಲ್ಲ. ಆದರೂ 1827ರಲ್ಲಿ ಪ್ರಕಟವಾದ ‘ಸರ್ಜನ್ಸ್ ಡಾಟರ್’ ಕಥೆಯ ಕೊನೆಯ ಭಾಗವನ್ನು ಅವನು ಮೈಸೂರು ಸೀಮೆಗೆ ತಂದನು. ಇಂಡಿಯಾದಲ್ಲಿದ್ದು ಹಿಂದಿರುಗಿದ ಮಿತ್ರ ಕರ್ನಲ್ ಫರ್ಗುಸನ್ ಅವನಿಗೆ ವಿವರಗಳನ್ನು ಒದಗಿಸಿದನು. ಕಥೆಯಲ್ಲಿ ಫಕೀರನ ವೇಷದಲ್ಲಿದ್ದ ಹೈದರನು ಬೆಂಗಳೂರಿನಲ್ಲಿ ನಿಜರೂಪವನ್ನು ತೋರುವನು. ದ್ರೋಹಿಯು ಆನೆಯ ಕಾಲಿಗೆ ಬಲಿಯಾಗುವನು. ನಾಟಕವೇನೋ ಚೆನ್ನು, ಊರು ಮಾತ್ರ ಪರದೆಯ ಮೇಲೆ ಬರೆದ ಊರು. ವಿಲ್ಕಿ ಕಾಲಿನ್ಸನೂ ಇಲ್ಲಿಗೆ ಬಂದವನಲ್ಲ. 1868ರ ಅವನ ‘ಮೂನ್‌ಸ್ಟೋನ್’ ಕಾದಂಬರಿಯು ಶ್ರೀರಂಗಪಟ್ಟಣದ ಲೂಟಿಯಿಂದಲೇ ಆರಂಭವಾಗುತ್ತದೆ. ಆಂಗ್ಲ ಅಧಿಕಾರಿಯೊಬ್ಬನು ಕೊಲೆಮಾಡಿ ವಜ್ರವನ್ನು ಅಪಹರಿಸುವನು. ಆ ವಜ್ರವು ಇಂಗ್ಲೆಂಡಿನ ಮನೆಯೊಂದರ ನೆಮ್ಮದಿಯನ್ನು ಕೆಡಿಸಿ, ಕೊನೆಗೆ ಭಾರತದ ದೇವರನ್ನೇ ಸೇರುವುದು. ಗೆದ್ದವರ ವೃತ್ತಾಂತಗಳು ವಿಜಯವೆಂದು ಕರೆದುದನ್ನು, ನಮ್ಮ ನೆಲವನ್ನೇ ಮೆಟ್ಟದ ಈ ಕಾದಂಬರಿಕಾರನು ಕಳವೆಂದು ಕಂಡನು. ಕೇವಲ ಪ್ರಯಾಣದಿಂದಲೇ ನ್ಯಾಯಬುದ್ಧಿ ಬರುವುದೆಂದು ಹೇಳುವವರು ಇದನ್ನು ಯೋಚಿಸಬೇಕು.

ಬಂದೂ ಕಾಣದವರುಂಟು. 1896ರಲ್ಲಿ ಸೇನೆಯೊಡನೆ ಬೆಂಗಳೂರಿಗೆ ಬಂದ ವಿನ್‌ಸ್ಟನ್ ಚರ್ಚಿಲ್ ಇಲ್ಲಿ ಗಿಬ್ಬನ್ ಮತ್ತು ಮೆಕಾಲೆಯವರನ್ನು ಶ್ರದ್ಧೆಯಿಂದ ಓದಿ ತನ್ನ ಗದ್ಯಶೈಲಿಯನ್ನು ಹದಗೊಳಿಸಿಕೊಂಡನು, ಕಾದಂಬರಿಯೊಂದನ್ನೂ ಬರೆಯತೊಡಗಿದನು. ಆ ‘ಸವ್ರೋಲ’ದ ಕಥೆ ನಡೆಯುವುದು ಮಾತ್ರ ಮೆಡಿಟರೇನಿಯನ್ ತೀರದ ಕಲ್ಪಿತ ರಾಜ್ಯದಲ್ಲಿ! ಬೆಂಗಳೂರು ಅವನಿಗೆ ಗ್ರಂಥಾಲಯವಾಯಿತು, ದೇಶವಾಗಲಿಲ್ಲ.

ಕೊನೆಯದಾಗಿ ಮೆಡೋಸ್ ಟೇಲರ್. 1824ರಲ್ಲಿ 15 ವರ್ಷದ ಹುಡುಗನಾಗಿ ಹಡಗಿನಿಂದಿಳಿದ ಇವನು ನಿಜಾಮನ ಸೇವೆಯನ್ನು ಸೇರಿದನು. 1840ರಲ್ಲಿ ಟಿಪ್ಪುವನ್ನು ಕುರಿತು ಬರೆದ ಕಾದಂಬರಿಯಲ್ಲಿ ಗೆದ್ದವರ ಬರಹಗಳ ಕ್ರೂರ ಸುಲ್ತಾನನೇ ಬಹುಮಟ್ಟಿಗೆ ಕಾಣುತ್ತಾನೆ. ಅದರ ಮರುವರ್ಷದ ಕೊನೆಯಲ್ಲಿ ಕನ್ನಡ ನಾಡಿನ ಸುರಪುರಕ್ಕೆ ಹೋಗಿ, ಸುಮಾರು 12 ವರ್ಷ ಅಲ್ಲಿಯ ಆಡಳಿತವನ್ನು ನಡೆಸಿದನು. ಕೆರೆ ಕಟ್ಟಿಸಿದನು, ಪ್ರಾಚೀನ ಕಲ್ಗೋರಿಗಳನ್ನು ಶೋಧಿಸಿದನು. ಬಾಲಕನಾಗಿದ್ದ ರಾಜಾ ವೆಂಕಟಪ್ಪ ನಾಯಕನು ಇವನನ್ನು ‘ಅಪ್ಪ’ ಎಂದೇ ಕರೆಯುತ್ತಿದ್ದನು. ಅದೇ ನಾಯಕನು 1858ರಲ್ಲಿ ಆಂಗ್ಲರ ವಿರುದ್ಧ ಎದ್ದು, ಸೆರೆಸಿಕ್ಕಿ, ಗುಂಡೇಟಿನಿಂದ ಸತ್ತನು. ಈ ದುಃಖವು ಟೇಲರನ ಆತ್ಮಕಥೆಯಲ್ಲಿ ದಾಖಲಾಗಿದೆ. 1872ರ ‘ಸೀತಾ’ ಕಾದಂಬರಿಯಲ್ಲಿ ಆಂಗ್ಲ ಅಧಿಕಾರಿಯು ಹಿಂದೂ ವಿಧವೆಯನ್ನು ಮದುವೆಯಾಗುತ್ತಾನೆ. ಆ ಕಾಲದಲ್ಲಿ ಹಾಗೆ ಬರೆಯಲು ಧೈರ್ಯ ಬೇಕು. ಆ ಧೈರ್ಯವು ಕೋಶದಿಂದ ಬಂದುದಲ್ಲ, ಜನರ ನಡುವೆ ಬಾಳಿದುದರಿಂದ ಬಂದುದೆಂದು ನಾವು ನಂಬುತ್ತೇವೆ.

ದೇಶಾಟನವು ಗ್ರಂಥಕರ್ತನನ್ನು ತಿದ್ದುವುದು ನಿಜ. ಆದರೆ ಅವನು ಸುತ್ತಿದ ಹರದಾರಿಗಳ ಲೆಕ್ಕದಿಂದಲ್ಲ, ನಿಂತು ಕೇಳಿದ ಮಾತುಗಳ ಲೆಕ್ಕದಿಂದ. ನಮಗೆ ಇದು ಬರಿಯ ಸಾಹಿತ್ಯವಿಚಾರವಲ್ಲ. ನಮ್ಮ ಸೀಮೆಯ ಚರಿತ್ರೆಯಲ್ಲಿ ಬಹಳಷ್ಟನ್ನು ನಾವು ಇವರ ಪುಟಗಳಿಂದಲೇ ಕಲಿತಿದ್ದೇವೆ. ಅವನ್ನು ಬಿಸುಡಬೇಕಾಗಿಲ್ಲ, ಹಾಗೆಂದು ತಲೆಯ ಮೇಲೆ ಹೊರಬೇಕಾಗಿಯೂ ಇಲ್ಲ. ಬುಕಾನನ್ನನ ಪುಸ್ತಕವನ್ನು ಕೈಯಲ್ಲಿ ಹಿಡಿದು ತೊಣ್ಣೂರಿನ ಕೆರೆಯ ಏರಿಯ ಮೇಲೆ ನಡೆಯೋಣ. ಅವನಿಗೆ ಬಾರದಿದ್ದ ಭಾಷೆ ನಮಗೆ ಬರುತ್ತದೆ. ಅವನು ಕೇಳಲಾರದೆ ಬಿಟ್ಟ ಪ್ರಶ್ನೆಗಳನ್ನು ಅಲ್ಲಿಯ ರೈತರೊಡನೆ ನಾವು ದುಭಾಷಿಯಿಲ್ಲದೆ ಕೇಳಬಹುದು.