ಚೆಶ್ಲಾಕ್ ಮೈಮೇಲೆ ಏನು ಬರುತ್ತಿತ್ತು?

ಪೋಲೆಂಡಿನ ನಟ ರಿಶಾರ್ಡ್ ಚೆಶ್ಲಾಕ್ (1937–1990) ಓದಿದ್ದು ಗೊಂಬೆಯಾಟ. 1960ರ ದಶಕದ ಆರಂಭದಲ್ಲಿ ಒಪೊಲೆ ಎಂಬ ಊರಿನಲ್ಲಿದ್ದ ಯೆರ್ಜಿ ಗ್ರೊಟೊವ್‌ಸ್ಕಿಯ ನಾಟಕ ತಂಡ ಸೇರಿದ. ದೀಪ, ಬಣ್ಣ, ಸೀನರಿ ಎಲ್ಲವನ್ನೂ ಕಳಚಿದರೂ ನಟ, ಪ್ರೇಕ್ಷಕ ಇಬ್ಬರಿದ್ದರೆ ನಾಟಕ ಆದೀತು ಎಂಬುದು ಆ ತಂಡದ ಹಟ. ‘ಬಡ ರಂಗಭೂಮಿ’ ಎಂದರೆ ಇದೇ. ವ್ಯಾಖ್ಯೆ ಇಷ್ಟು ಸಾಕು.

1965ರಲ್ಲಿ ತಂಡ ವ್ರೊತ್ಸ್ವಾಫ್‌ಗೆ ಬಂದ ಮೇಲೆ ‘ಅಚಲ ರಾಜಕುಮಾರ’ ಆಡಿತು. ಸೆರೆಸಿಕ್ಕವನೊಬ್ಬ ಚಿತ್ರಹಿಂಸೆಗೆ ಬಗ್ಗದೆ ಸಾಯುವ ಕಥೆ. ಪ್ರೇಕ್ಷಕರು ಎತ್ತರದ ಹಲಗೆಗೋಡೆಯ ಆಚೆಯಿಂದ ಕೆಳಕ್ಕೆ ಇಣುಕಬೇಕು. ಒಳಗೆ ತುಂಡುಬಟ್ಟೆಯ ಚೆಶ್ಲಾಕ್ ನಡುಗುತ್ತಾನೆ, ಉದ್ದುದ್ದ ಸ್ವಗತಗಳನ್ನು ಒಂದೇ ಬಿರುಸಿನಲ್ಲಿ ಹರಿಯಬಿಡುತ್ತಾನೆ.

ಜನ ಎಡವುವುದು ಇಲ್ಲೇ. ‘ಆವೇಶ, ಮೈಮೇಲೆ ಬಂದಿದೆ’ ಎಂದುಬಿಡುತ್ತಾರೆ. ರಂಗಶಾಲೆಯ ಹುಡುಗರಂತೂ ಇದನ್ನು ನೋಡಿ ನೆಲದ ಮೇಲೆ ಹೊರಳಾಡಲು ಶುರುಮಾಡುತ್ತಾರೆ! ನಿಜ ಬೇರೆಯೇ ಇದೆ. ಗ್ರೊಟೊವ್‌ಸ್ಕಿ ಮತ್ತು ಚೆಶ್ಲಾಕ್ ಉಳಿದ ನಟರನ್ನು ಬಿಟ್ಟು ತಿಂಗಳುಗಟ್ಟಲೆ ಇಬ್ಬರೇ ಕೂತು ಕೆಲಸ ಮಾಡಿದ್ದರು. ಅವರು ಹಿಡಿದ ಎಳೆ ನೋವಿನದಲ್ಲ, ನಟನ ಹದಿಹರೆಯದ ಪ್ರೇಮದ ಒಂದು ನೆನಪು. ಆ ಹೊತ್ತಿನಲ್ಲಿ ಕೈ ಎಲ್ಲಿತ್ತು, ಉಸಿರು ಹೇಗಿತ್ತು ಎಂಬುದನ್ನೆಲ್ಲ ಮೈಯಿಂದಲೇ ಹುಡುಕಿ ತೆಗೆದು, ಕ್ರಿಯೆಗಳ ಖಚಿತ ಸರಣಿಯಾಗಿ ಕಟ್ಟಿದರು. ಚಿತ್ರಹಿಂಸೆಯ ಮಾತುಗಳನ್ನು ಅದರ ಮೇಲೆ ಕೂರಿಸಿದರು. ನೋಡುವವರಿಗೆ ಹಿಂಸೆ ಕಂಡದ್ದು ಕಥೆಯಿಂದ, ಸುತ್ತಲಿನ ಪಾತ್ರಗಳಿಂದ. ನಟ ಮಾತ್ರ ನೋವನ್ನು ನಟಿಸಲೇ ಇಲ್ಲ.

ಇದಕ್ಕೊಂದು ಸಾಕ್ಷಿಯಿದೆ, ನನಗೆ ಹೇಳಿ ಸಾಕೆನಿಸುವುದೇ ಇಲ್ಲ. ಈ ನಾಟಕದ ಮೂಕ ಚಿತ್ರೀಕರಣ ಆದದ್ದು ಒಂದು ಪ್ರದರ್ಶನದಲ್ಲಿ, ಧ್ವನಿಮುದ್ರಣ ಬೇರೊಂದರಲ್ಲಿ. ಮುಂದೆ ಎರಡನ್ನೂ ಜೋಡಿಸಿದಾಗ ತುಟಿಗೂ ದನಿಗೂ ತಾಳೆಯಾಯಿತು. ಆವೇಶ ಹೀಗೆ ಲೆಕ್ಕ ಇಟ್ಟುಕೊಂಡೀತೇ? ತಾಳ ಮೈಗೂಡಿದ ಗಾಯಕಿ ಸ್ವರಕಲ್ಪನೆಯಲ್ಲಿ ಎಷ್ಟು ದೂರ ಹೋದರೂ ಎತ್ತುಗಡೆಗೆ ಸರಿಯಾಗಿ ಬಂದಿಳಿಯುತ್ತಾಳಲ್ಲ, ಅಂಥದೇ ಬಿಗಿ.

1970ರ ದಶಕದಲ್ಲಿ ಗ್ರೊಟೊವ್‌ಸ್ಕಿ ಹೊಸ ನಾಟಕ ಕಟ್ಟುವುದನ್ನೇ ಬಿಟ್ಟ. 1984ರಲ್ಲಿ ತಂಡವೂ ಮುಚ್ಚಿತು. ಮರುವರ್ಷ ಫ್ರಾನ್ಸಿನ ಅವಿನ್ಯೋನ್‌ನಲ್ಲಿ ಪೀಟರ್ ಬ್ರೂಕ್ ಆಡಿಸಿದ ಮಹಾಭಾರತದಲ್ಲಿ ಚೆಶ್ಲಾಕ್ ಧೃತರಾಷ್ಟ್ರನಾದ. 1989ರ ಚಲನಚಿತ್ರದಲ್ಲೂ ಅವನೇ. ಮೈಯೆಲ್ಲ ಉರಿದಂತೆ ಆಡುತ್ತಿದ್ದವನು ಇಲ್ಲಿ ಹೆಚ್ಚಾಗಿ ಕೂತೇ ಇರುತ್ತಾನೆ. ಧೃತರಾಷ್ಟ್ರನನ್ನು ಯಕ್ಷಗಾನದಿಂದಲೂ ಗಮಕದಿಂದಲೂ ಬಲ್ಲ ನಮಗೆ ಇದನ್ನು ಅಳೆಯುವ ಹಕ್ಕು ಹೆಚ್ಚೇ ಇದೆ.

ಅಭಿನಯ ಕಲಿಯುವವರು ‘ಅಚಲ ರಾಜಕುಮಾರ’ದ ದಾಖಲೆಯನ್ನು ಮೊದಲು ದನಿ ಮುಚ್ಚಿ ನೋಡಿ, ಆಮೇಲೆ ಚಿತ್ರ ಮುಚ್ಚಿ ಕೇಳಿ. 1970ರ ದಶಕದ ಆರಂಭದಲ್ಲಿ ಅವನು ಎಳೆಯ ನಟರಿಗೆ ಪಾಠ ಹೇಳಿಕೊಟ್ಟ ಚಿತ್ರಣವೂ ಇದೆ, ಅದನ್ನೂ ಬಿಡಬೇಡಿ. ಗ್ರೊಟೊವ್‌ಸ್ಕಿಯ ಪುಸ್ತಕ ಆಮೇಲೆ ಓದಿದರಾಯಿತು.