ಕೆಂಪು ಗೆರೆಯ ಮಾತ್ರೆ

ನಿಮ್ಮ ಮನೆಯ ಕಪಾಟನ್ನೊಮ್ಮೆ ತೆರೆದು ನೋಡಿ. ಕಳೆದ ಸಲ ಜ್ವರ ಬಂದಾಗ ಎರಡು ದಿನ ನುಂಗಿ ಉಳಿಸಿಟ್ಟ ಮಾತ್ರೆಗಳು ಅಲ್ಲಿರಬಹುದು. ಪಟ್ಟಿಯ ಹಿಂದೆ ಉದ್ದಕ್ಕೆ ಕೆಂಪು ಗೆರೆಯಿದೆಯೇ? ವೈದ್ಯರ ಚೀಟಿಯಿಲ್ಲದೆ ಸೇವಿಸಬಾರದು ಎಂಬುದರ ಗುರುತು ಅದು. ಇದನ್ನು ಜನರಿಗೆ ತಿಳಿಸಲೆಂದೇ ಕೇಂದ್ರ ಸರಕಾರ 2016ರಲ್ಲಿ ಪ್ರಚಾರ ಆರಂಭಿಸಿತು. ಆದರೆ "ನೆಗಡಿಗೆ ನಾಲ್ಕು ಗುಳಿಗಿ ಕೊಡ್ರಿ" ಎನ್ನುವಾಗ ಗೆರೆ ನೋಡುವವರಾರು? ಚಿಂಚೋಳಿಯ ದೂರದ ತಾಂಡಾದಿಂದ ಆಸ್ಪತ್ರೆಗೆ ಬರಲು ಒಂದು ದಿನದ ಕೂಲಿ ಹೋಗುತ್ತದೆ. ಹಾಗಾಗಿ ಜನರನ್ನಷ್ಟೇ ದೂರಿ ಫಲವಿಲ್ಲ.

ನೆಗಡಿ ತರುವುದು ವೈರಸ್. ಆ್ಯಂಟಿಬಯಾಟಿಕ್ ಕೊಲ್ಲುವುದು ಬ್ಯಾಕ್ಟೀರಿಯಾಗಳನ್ನು ಮಾತ್ರ. ಅನಗತ್ಯವಾಗಿ ನುಂಗಿದಾಗ ದೇಹದಲ್ಲಿರುವ ದುರ್ಬಲ ಬ್ಯಾಕ್ಟೀರಿಯಾಗಳು ಸತ್ತು, ಔಷಧಕ್ಕೆ ಜಗ್ಗದವು ಉಳಿದು ಸಂತತಿ ಬೆಳೆಸುತ್ತವೆ. ತಮ್ಮ ಈ ಶಕ್ತಿಯನ್ನು ಬೇರೆ ಜಾತಿಯ ಬ್ಯಾಕ್ಟೀರಿಯಾಗಳಿಗೂ ದಾಟಿಸುತ್ತವೆ! ಪೆನಿಸಿಲಿನ್ ಕಂಡುಹಿಡಿದ ಫ್ಲೆಮಿಂಗ್ 1945ರಲ್ಲೇ ಈ ಅಪಾಯವನ್ನು ಎಚ್ಚರಿಸಿದ್ದರು.

ನಮ್ಮ ಭಾಗದಲ್ಲಿ ಹೆಚ್ಚು ಯೋಚಿಸಬೇಕಾದದ್ದು ಕ್ಷಯದ ಬಗ್ಗೆ. ಶಹಾಬಾದಿನ ಕಲ್ಲುಗಣಿಗಳಲ್ಲಿ, ವಾಡಿಯ ಸಿಮೆಂಟ್ ಕಾರ್ಖಾನೆಯ ಸುತ್ತಮುತ್ತ ದುಡಿಯುವವರಿಗೆ ಕೆಮ್ಮು ಹೊಸತಲ್ಲ. "ಧೂಳಿನ ಕೆಮ್ಮು" ಎಂದು ಸುಮ್ಮನಿದ್ದುಬಿಡುತ್ತಾರೆ. ಎರಡು ವಾರ ದಾಟಿದರೆ ಸರಕಾರಿ ಆಸ್ಪತ್ರೆಯಲ್ಲಿ ಉಚಿತವಾಗಿ ಕಫ ಪರೀಕ್ಷೆ ಮಾಡಿಸಿ. ಕ್ಷಯವೆಂದಾದರೆ ಸಾಮಾನ್ಯವಾಗಿ ಆರು ತಿಂಗಳ ಔಷಧ. ಎರಡು ತಿಂಗಳಲ್ಲಿ ಮೈಯಲ್ಲಿ ಚೇತನ ಬರುತ್ತದೆ, ಹಲವರು ಅಲ್ಲಿಗೇ ನಿಲ್ಲಿಸುತ್ತಾರೆ. ಆಗ ಐಸೋನಿಯಾಜಿಡ್, ರಿಫಾಂಪಿಸಿನ್ ಎರಡಕ್ಕೂ ಬಗ್ಗದ ಕ್ಷಯ ಹುಟ್ಟಬಹುದು. ಅದು ಅದೇ ರೂಪದಲ್ಲಿ ಮನೆಯ ಮಗುವಿಗೂ ಅಂಟಬಹುದು. ಒಂದು ಮಾತ್ರೆಯನ್ನೂ ತಪ್ಪಿಸದ ಮಗುವಿಗೆ!

ಹಿಂದೆ ಇಂಥ ಕ್ಷಯಕ್ಕೆ ಒಂದೂವರೆ ವರ್ಷ ಮೀರಿದ ಚಿಕಿತ್ಸೆ ಬೇಕಾಗುತ್ತಿತ್ತು. ನಾಲ್ಕು ಔಷಧಗಳ ಆರು ತಿಂಗಳ ಹೊಸ ಚಿಕಿತ್ಸೆಗೆ ಕೇಂದ್ರ ಸರಕಾರ 2024ರ ಸೆಪ್ಟೆಂಬರ್‌ನಲ್ಲಿ ಒಪ್ಪಿಗೆ ನೀಡಿದೆ. ರಮಝಾನಿನಲ್ಲಿ ಮಾತ್ರೆಯ ಹೊತ್ತು ಬದಲಿಸಬಹುದೇ ಎಂದು ವೈದ್ಯರನ್ನೇ ಕೇಳಿ. ರೋಗಿಗೆ ಉಪವಾಸದಲ್ಲಿ ರಿಯಾಯಿತಿ ಇದೆ, ಔಷಧ ಬಿಡಲು ಇಲ್ಲ.

ತಪ್ಪು ರೋಗಿಯದು ಮಾತ್ರವಲ್ಲ. ಸೇಡಂನಿಂದ ರೈಲು ಹತ್ತಿ ಚಿಕಿತ್ಸೆಗೆಂದು ಹೋಗುವ ಹೈದರಾಬಾದಿನ ಪಕ್ಕದ ಪಟಾನ್‌ಚೆರುವಿನಲ್ಲಿ, ಔಷಧ ಕಾರ್ಖಾನೆಗಳ ಶುದ್ಧೀಕರಿಸಿದ ತ್ಯಾಜ್ಯನೀರಿನಲ್ಲೇ ಲೀಟರಿಗೆ 31 ಮಿಲಿಗ್ರಾಂವರೆಗೆ ಸಿಪ್ರೊಫ್ಲಾಕ್ಸಾಸಿನ್ ಇದ್ದುದನ್ನು ಸ್ವೀಡನ್ನಿನ ಸಂಶೋಧಕರು 2007ರಲ್ಲಿ ಪ್ರಕಟಿಸಿದರು. ಕೋಳಿಸಾಕಣೆಯಲ್ಲಿ ಕೊಲಿಸ್ಟಿನ್ ಬಳಕೆಯನ್ನು ಸರಕಾರ ನಿಷೇಧಿಸಿದ್ದು 2019ರಲ್ಲಿ. ಮನುಷ್ಯನಿಗೆ ಬೇರಾವುದೂ ನಾಟದಾಗ ಕೊಡುವ ಔಷಧವದು.

2014ರಿಂದ ಜಾರಿಯಲ್ಲಿರುವ ನಿಯಮದಂತೆ, ಕೆಲವು ಪ್ರಬಲ ಆ್ಯಂಟಿಬಯಾಟಿಕ್ ಮಾರಿದಾಗ ರೋಗಿಯ ಹಾಗೂ ವೈದ್ಯರ ಹೆಸರನ್ನು ಅಂಗಡಿಯವರು ಬರೆದಿಡಲೇಬೇಕು. ಚಿತ್ತಾಪುರದ ಅಂಗಡಿಯಲ್ಲಿ ನಿಮ್ಮ ಹೆಸರು ಕೇಳಿದರೆ ಮುನಿಸಿಕೊಳ್ಳಬೇಡಿ. ಕೇಳದಿದ್ದರೆ, ಏಕೆಂದು ನೀವೇ ವಿಚಾರಿಸಿ.